ಓಡುವ ಕಮಲಾಪುರ, ನಿಂತ ಕಮಲಾಪುರ

ಟಿ.ವಿ.ಯಲ್ಲಿ ಕಾಲೇಜು ಹುಡುಗರ ಫುಟ್‌ಬಾಲ್ ಪಂದ್ಯಗಳಿಗೆ ಕಾಮೆಂಟರಿ ಹೇಳುತ್ತಲೇ ತಲೆ ಬೆಳ್ಳಗೆ ಮಾಡಿಕೊಂಡವನು ನಾನು. ಮದುವೆಮನೆಯಲ್ಲೋ ಬಸ್ ಸ್ಟ್ಯಾಂಡಿನಲ್ಲೋ ಯಾರಾದರೂ ದನಿಯ ಗುರುತು ಹಿಡಿದು, "ಈ ವಿದ್ಯೆ ಎಲ್ಲಿ ಕಲಿತಿರಿ?" ಎಂದು ಕೇಳುತ್ತಾರೆ. "ಪರದೇಶದಾಗ" ಎನ್ನುತ್ತೇನೆ. ಕೇಳಿದವರಿಗೆ ಒಂದು ನಮೂನೆ ಗೌರವ ಹುಟ್ಟುತ್ತದೆ. "ಲಂಡನ್ನಿನಾಗೇನ್ರಿ?" "ಅಲ್ಲ, ಕಲಬುರಗಿಯಾಗ." ಅಲ್ಲಿಗೆ ಆ ಗೌರವ ಮುಗಿಯುತ್ತದೆ.

ಆದರೆ ನಾನು ಸುಳ್ಳು ಹೇಳುವುದಿಲ್ಲ. ನಾನು ವಿಜಾಪುರದಲ್ಲಿ ಕಾಲೇಜು ಓದುವಾಗ ನಮ್ಮದು ಮುಂಬೈ ಪ್ರಾಂತ. ಆಚೆ ಕಲಬುರಗಿ ನಿಜಾಮರ ಹೈದರಾಬಾದ್ ಸಂಸ್ಥಾನ. ಅವರ ರೂಪಾಯಿ ಬೇರೆ, ಅದರ ಮೇಲೆ ಚಾರ್‌ಮಿನಾರ್. ಅವರ ಅಂಚೆಚೀಟಿ ಬೇರೆ, ಕಚೇರಿಯ ಭಾಷೆ ಬೇರೆ, ಸುಂಕ ಬೇರೆ. ನಾವು ಹೋಗುವ ಹೊತ್ತಿಗೆ ಭಾರತದ ಸೇನೆಯ ಪೊಲೀಸ್ ಆಕ್ಷನ್ ಮುಗಿದು ನಿಜಾಮರ ಆಳ್ವಿಕೆ ಹೋಗಿತ್ತು. ಸುಂಕದ ನಾಕಾ ಮಾತ್ರ ನಿಂತಲ್ಲೇ ನಿಂತಿತ್ತು. ನಾಕಾ ದಾಟಿ ಹೋದದ್ದು ಪರದೇಶವಲ್ಲದೆ ಮತ್ತೇನು?

ಹೋದದ್ದು ಕಾಲೇಜು ತಂಡದ ಜೊತೆ. ಆಡುವುದಕ್ಕಲ್ಲ, ನನ್ನ ಕಾಲಿಗೂ ಚೆಂಡಿಗೂ ಎಂದೂ ಕೂಡಿ ಬಂದಿಲ್ಲ. ನಾನು ಭೋಂಗಾದಲ್ಲಿ, ಎಂದರೆ ದನಿ ದೊಡ್ಡದು ಮಾಡುವ ತುತ್ತೂರಿಯಲ್ಲಿ, ಆಟ ಹೇಳುವವನು. ನಮ್ಮಜ್ಜ ಕುಸ್ತಿ ಕಣದಲ್ಲಿ ಜಟ್ಟಿಗಳ ಹೆಸರು ಸಾರುತ್ತಿದ್ದ. ಒಂದು ಕೈ ಕಿವಿಯ ಮೇಲಿಟ್ಟು, ಜಟ್ಟಿಯ ಹೆಸರು, ಅವನ ಅಪ್ಪನ ಹೆಸರು, ಊರು, ಗರಡಿ, ಎಲ್ಲವನ್ನೂ ಒಂದೇ ಉಸಿರಿನಲ್ಲಿ ಎತ್ತಿ ಒಗೆಯುತ್ತಿದ್ದ. ಹೆಸರು ಕೂಗಿಸಿಕೊಂಡ ಜಟ್ಟಿಯ ಎದೆ ನೋಡನೋಡುತ್ತ ಅಗಲವಾಗುತ್ತಿತ್ತು. ನಾನು ಅದನ್ನೇ ಫುಟ್‌ಬಾಲಿಗೆ ತಂದಿದ್ದೆ. ನನ್ನ ಬಂಡವಾಳವೆಲ್ಲ ಹೆಸರುಗಳೇ.

ಹೋಟಗಿ ಜಂಕ್ಷನ್

ವಿಜಾಪುರದಿಂದ ಸಣ್ಣ ಗಾಡಿಯಲ್ಲಿ ಬಂದು ಹೋಟಗಿಯಲ್ಲಿ ದೊಡ್ಡ ಗಾಡಿ ಹತ್ತಬೇಕು. ಹತ್ತಿದೆವು. ನಮ್ಮ ಎದುರಿಗೆ ರುಮಾಲು ಸುತ್ತಿದ ಹಿರಿಯರೊಬ್ಬರು ಕೂತಿದ್ದರು. ರೊಟ್ಟಿ ಗಂಟು ಬಿಚ್ಚಿದೆವು, ಶೇಂಗಾ ಹಿಂಡಿ ಹಚ್ಚಿ ಅವರಿಗೂ ಒಂದು ಕೊಟ್ಟೆವು.

"ದೇವರು ನಿಮ್ಮನ್ನ ಛಲೋ ಇಡಲಿ ತಮ್ಮಾ" ಎಂದು ಅವರು ತಿನ್ನತೊಡಗಿದರು.

ನಮ್ಮ ಕಡೆ ರೊಟ್ಟಿ ಕೊಟ್ಟವರು ಮೊದಲು ಕೇಳುವ ಮಾತನ್ನೇ ಕೇಳಿದೆ. "ನಿಮ್ಮ ಹೆಸರೇನ್ರಿ ಅಜ್ಜಾರ?"

ಅಗಿಯುವುದು ನಿಂತಿತು. "ಶಹಾಬಾದ ಕಡಿಯವರು" ಎಂದರು.

"ಊರಲ್ರಿ, ಹೆಸರು."

"ಹೌದಪಾ. ಶಹಾಬಾದ ಕಡಿಯವರು."

ಆಮೇಲೆ ಕಿಟಕಿಯ ಕಡೆ ತಿರುಗಿಬಿಟ್ಟರು. ನಮ್ಮ ಕ್ಯಾಪ್ಟನ್ ದುಂಡಪ್ಪ, ಸಿಂದಗಿಯವನು, ಎತ್ತಿನಂಥ ಆಳು, ನನ್ನ ಪಕ್ಕೆಗೆ ತಿವಿದು, "ಮುದುಕಗ ಕಿವಿ ಮಂದ ಐತಿ, ಬಿಡೋ" ಎಂದ.

"ಕಿವಿ ಸಾಫ್ ಅವ ತಮ್ಮಾ" ಎಂದರು ಅಜ್ಜ, ತಿರುಗದೆಯೇ.

ದುಂಡಪ್ಪ ನಾಲಿಗೆ ಕಚ್ಚಿಕೊಂಡು ರೊಟ್ಟಿ ಗಂಟು ಕಟ್ಟಿದ. ಅಜ್ಜ ರೊಟ್ಟಿಯನ್ನೇನೋ ಪೂರ್ತಿ ತಿಂದರು.

ನಾಕಾ

ಗಾಡಿ ಸಂಸ್ಥಾನದೊಳಗೆ ಹೊಕ್ಕ ಮೇಲೆ ಸುಂಕದವರು ಹತ್ತಿದರು. ಅವರ ಇಲಾಖೆಗೆ ಅಲ್ಲಿ ಕರೋಡಗಿರಿ ಎನ್ನುತ್ತಿದ್ದರು. ಆ ಶಬ್ದ ಕೇಳಿಯೇ ಅರ್ಧ ಸಾಮಾನು ಬಿಟ್ಟುಕೊಡಬೇಕು ಅನ್ನಿಸುತ್ತಿತ್ತು. ಒಬ್ಬ ಮೀಸೆಯ ಸಾಹೇಬ ನಮ್ಮ ಗಂಟುಮೂಟೆಯನ್ನೆಲ್ಲ ತಡವಿ ನೋಡಿ, ಕೊನೆಗೆ ಚೆಂಡನ್ನು ಎತ್ತಿಕೊಂಡ. ಕಿವಿಯ ಹತ್ತಿರ ಹಿಡಿದು ಅಲುಗಿಸಿದ.

"ಇದರಾಗೇನದ?"

"ಗಾಳಿ ಐತ್ರಿ" ಎಂದೆ.

"ಗಾಳಿ ಅಂತ ಎಲ್ಲಾರೂ ಹೇಳ್ತಾರ."

ಆಗಿನ ಚೆಂಡಿಗೆ ಬೂಟಿನ ಹಾಗೆ ಬಾಯಿಗೆ ತೊಗಲಿನ ದಾರ ಕಟ್ಟಿರುತ್ತಿತ್ತು. ಒಳಗೆ ರಬ್ಬರಿನ ಚೀಲ. ಸಾಹೇಬ ದಾರ ಬಿಚ್ಚಿ, ಒಳಗಿನ ಚೀಲದ ಗಂಟನ್ನೂ ಬಿಚ್ಚಿ, ಮುಖ ಹತ್ತಿರ ತಂದು ಇಣುಕಿದ. ವಿಜಾಪುರದಿಂದ ಅಷ್ಟು ಜೋಪಾನವಾಗಿ ತಂದ ಗಾಳಿಯೆಲ್ಲ ಸುಯ್ಯೆಂದು ಅವನ ಮೀಸೆಯೊಳಗೆ ಹೋಯಿತು.

"ಸಾಹೇಬ್ರ, ಇದಕ್ಕೂ ಸುಂಕ ಐತೇನ್ರಿ?" ಎಂದು ದುಂಡಪ್ಪ ಕೇಳಿದ.

ಸಾಹೇಬ ಮುಖ ಒರೆಸಿಕೊಂಡು ನಕ್ಕ. ಅವನ ಹಿಂದಿದ್ದ ಜವಾನರೂ ಆಗ ಧೈರ್ಯ ಮಾಡಿ ನಕ್ಕರು. ಇಳಿಯುವ ಮುನ್ನ ಸಾಹೇಬ ಒಬ್ಬೊಬ್ಬರನ್ನೂ ಕೇಳಿದ: "ನಿಮ್ಮದ್ಯಾವೂರು? ನಿಮ್ಮದು?" ಇಂಡಿ, ಬಾಗೇವಾಡಿ, ಸಿಂದಗಿ ಎಂದೆವು. ಹೆಸರನ್ನು ಅವನೂ ಕೇಳಲಿಲ್ಲ. ಸರಕಾರಿ ಮನುಷ್ಯ, ಅದೂ ಸುಂಕದವನು, ಹೆಸರು ಕೇಳದೆ ಹೋದದ್ದು ನನಗೆ ಸೋಜಿಗವೆನಿಸಿತು. ನಮ್ಮೂರಿನ ಚಹಾದಂಗಡಿಯವನು ನಿಮ್ಮ ಹೆಸರು, ಮನೆತನ, ಸೋದರಮಾವನ ಊರು ತಿಳಿಯದೆ ಸಕ್ಕರೆ ಹಾಕುವುದಿಲ್ಲ. ಇದು ಖರೇನೇ ಬೇರೆ ದೇಶ ಎಂದುಕೊಂಡೆ.

ಸ್ಟೇಶನ್ ಬಜಾರ

ಕಲಬುರಗಿ ಸ್ಟೇಶನ್ನಿನಲ್ಲಿ ಮಾಣಿಕರಾವ್ ಮಾಸ್ತರು ಕಾಯುತ್ತಿದ್ದರು. ಅಲ್ಲಿಯ ಇಂಟರ್ ಕಾಲೇಜಿನ ಡ್ರಿಲ್ ಮಾಸ್ತರು. ಕುಳ್ಳ ಆಳು, ಕೊರಳಲ್ಲಿ ಸೀಟಿ. ಊಟಕ್ಕೆ ಕೂತಾಗಲೂ ಆ ಸೀಟಿ ತೆಗೆಯುತ್ತಿರಲಿಲ್ಲವೆಂದು ಆಮೇಲೆ ತಿಳಿಯಿತು. ಸತ್ತ ಬೆಕ್ಕಿನ ಹಾಗೆ ಜೋತುಬಿದ್ದ ನಮ್ಮ ಚೆಂಡನ್ನು ನೋಡಿ, "ನಾಕಾದಾಗ ಬಿಚ್ಚಿದ್ರೇನು? ಹೋದ ಸಲ ಬಂದವರ ತಬಲಾನೇ ಬಿಚ್ಚಿದ್ರು, ನಿಮ್ಮದು ಎಷ್ಟೋ ಪಾಡು" ಎಂದರು.

ಬಜಾರಿನ ಸೈಕಲ್ ಅಂಗಡಿಯವನು ಚೆಂಡಿಗೆ ಗಾಳಿ ತುಂಬುವ ಹೊತ್ತಿಗೆ ಪಕ್ಕದ ಹೋಟೆಲಿನಲ್ಲಿ ಚಹಾ ಬಂತು. ಇಲ್ಲಿಯವರು ಅದನ್ನು ಕಪ್ಪಿನ ಕೆಳಗಿನ ಬಸಿಗೆ ಸುರಿದುಕೊಂಡು, ತಣ್ಣಗಾಗುವವರೆಗೆ ಹರಟೆ ಹೊಡೆದು, ತಣ್ಣಗಾದ ಮೇಲೆ ಬಿಸಿಯಿಲ್ಲವೆಂದು ಮಾಣಿಯನ್ನು ಬೈದು ಕುಡಿಯುತ್ತಾರೆ. ಸುತ್ತ ಉರ್ದು, ಕನ್ನಡ ಒಂದೇ ವಾಕ್ಯದಲ್ಲಿ ಕೂಡಿ ನಡೆಯುತ್ತಿದ್ದವು. ನಾವು "ಐತಿ" ಎಂದಾಗಲೆಲ್ಲ ಪಕ್ಕದ ಮೇಜಿನವರು ತಿರುಗಿ ನೋಡುತ್ತಿದ್ದರು, ಅವರದೆಲ್ಲ "ಅದ."

ಮಾಸ್ತರು ನನ್ನನ್ನು ಮೂಲೆಯ ಮೇಜಿಗೆ ಕರೆದರು.

"ನಾಳಿ ಭೋಂಗಾ ಹಿಡಿಯೋರು ನೀವೇ ಹೌದಿಲ್ಲೋ? ನಿಮ್ಮನ್ನ ಯಾಕ ಕರಸೀನಿ ಗೊತ್ತದೇನು? ಇಲ್ಲಿಯವರೊಳಗ ಯಾರಿಗಿ ಕೊಟ್ರೂ, ಅಂವ ಯಾರ ಕಡಿಯಾಂವ ಅಂತ ಕೇಳ್ತಾರ. ಹೊರಗಿನವರು ಯಾರ ಕಡಿಯವರೂ ಅಲ್ಲ."

"ಆತ್ರಿ ಮಾಸ್ತರ, ನಿಮ್ಮ ಹುಡುಗರ ಹೆಸರು ಒಂದ್ಸಲ ಹೇಳಿಬಿಡ್ರಿ, ಬಾಯಿಪಾಠ ಮಾಡ್ತೇನಿ."

"ಅದನ್ನೇ ಹೇಳ್ಲಾಕ ಕುಂತೀನಿ. ಹೆಸರು ಕೂಗೂದಿಲ್ಲ."

"ಯಾರದ್ರಿ?"

"ಯಾರದೂ."

ಮಾಸ್ತರು ಬಸಿಯನ್ನು ಮೇಜಿನ ಮೇಲೆ ತಿರುಗಿಸುತ್ತ ಸಣ್ಣ ದನಿಯಲ್ಲಿ ಹೇಳಿದ ಮಾತು ಇಷ್ಟು. ಗಲಾಟೆಯ ದಿನಗಳಾದ ಮೇಲೆ ಊರಿನಲ್ಲಿ ಜನ ಒಂದೆಡೆ ಸೇರುವ ಮೊದಲ ಆಟ ಇದು. ಕಚೇರಿಗೆ ಅಲೆದಲೆದು ಅವರು ಪರವಾನಗಿ ತಂದಿದ್ದರು. ಗದ್ದಲವಾದರೆ ಮೈದಾನಕ್ಕೆ ಬೀಗ. ಅವರ ತಂಡದ ಅತಿ ಚುರುಕು ಹುಡುಗನ ಹೆಸರು ಮಹೆಬೂಬ, ಕಮಲಾಪುರದವನು. ಪೊಲೀಸ್ ಆಕ್ಷನ್ನಿನ ದಿನಗಳಲ್ಲಿ ಅವನ ಚಿಕ್ಕಪ್ಪನನ್ನು ರಸ್ತೆಯಲ್ಲಿ ಯಾರೋ ನಿಲ್ಲಿಸಿ ಹೆಸರು ಕೇಳಿದ್ದರು. ಆತ ಹೇಳಿದ್ದ. ಮನೆಗೆ ತಿರುಗಿ ಬರಲಿಲ್ಲ. ಅದಕ್ಕೂ ಮುಂಚೆ, ನಿಜಾಮರ ಪರ ಹೊಡೆದಾಡುತ್ತಿದ್ದ ರಜಾಕಾರರ ಕಾಲದಲ್ಲಿ, ಅದೇ ಓಣಿಯ ಶರಣಪ್ಪನ ಮನೆಯವರು ಹೆಸರು ಕೇಳುವವರಿಗೆ ಹೆದರಿ ಊರು ಬಿಟ್ಟು, ನಮ್ಮ ಸರಹದ್ದಿನೊಳಗಿನ ಶಿಬಿರದಲ್ಲಿ ಇದ್ದು ಬಂದಿದ್ದರು. ಅಷ್ಟು ದಿನ ಅವರ ಮನೆಯ ಕೀಲಿಕೈ ಇದ್ದದ್ದು ಮಹೆಬೂಬನ ತಾಯಿಯ ಹತ್ತಿರ. ಶರಣಪ್ಪ ಈಗ ಈ ತಂಡದ ಗೋಲ್‌ಕೀಪರ್.

"ಆ ತಾಯಿ ಮಗನ್ನ ಆಟಕ್ಕ ಬಿಟ್ಟಾಳ" ಎಂದರು ಮಾಸ್ತರು. "ಒಂದೇ ಮಾತು ತಗೊಂಡು ಬಿಟ್ಟಾಳ. ಭೋಂಗಾದಾಗ ಅವನ ಹೆಸರು ಬರಬಾರದು. ಒಮ್ಮೆ ಬಂದ್ರ ಮತ್ತ ಕಾಲೇಜಿಗೂ ಕಳಸೂದಿಲ್ಲ ಅಂದಾಳ. ಅವನೊಬ್ಬಂದು ಬಿಟ್ಟು ಉಳಿದವರದು ಕೂಗಿದ್ರ ಅದೂ ಎದ್ದು ಕಾಣ್ತದ. ಅದಕ್ಕ ಯಾರದೂ ಬ್ಯಾಡ."

ಗಾಡಿಯಲ್ಲಿ ಅಜ್ಜ ಕಿಟಕಿಯ ಕಡೆ ತಿರುಗಿದ್ದು ಯಾಕೆಂದು ನನಗೆ ಆಗ ತಿಳಿಯಿತು. ರೊಟ್ಟಿ ಕೊಟ್ಟು ಆ ಮಾತು ಕೇಳಿದ್ದೆನಲ್ಲ.

"ಹೆಸರಿಲ್ದ ಆಟ ಹ್ಯಾಂಗ್ರಿ ಹೇಳೂದು, ಮಾಸ್ತರ?"

"ಊರಿನ ಹೆಸರಿಲೆ ಹೇಳ್ರಿ. ಊರಾಗೇನು, ಎಲ್ಲಾರೂ ಇರ್ತಾರ."

ಹೀಗೆ ಹನ್ನೊಂದು ಹುಡುಗರು ನನಗೆ ಊರು ಓಣಿಗಳಾದರು. ಒಬ್ಬ ಧಾನ್ಯದ ಪೇಟೆಯ ಗಂಜ್, ಒಬ್ಬ ಸ್ಟೇಶನ್, ಒಬ್ಬ ತಾಜಸುಲ್ತಾನಪುರ. ಆದರೆ ಕಮಲಾಪುರದವರು ಇಬ್ಬರು.

"ಅದರದೇನು?" ಎಂದರು ಮಾಸ್ತರು. "ಶರಣಪ್ಪ ಗೋಲ್ ಬಿಟ್ಟು ಎಲ್ಲಿ ಹೋಗ್ತಾನ? ಅಂವ ನಿಂತ ಕಮಲಾಪುರ. ಮಹೆಬೂಬ ಓಡೂ ಕಮಲಾಪುರ. ನಿಂತದ್ದು ಓಡೂದಿಲ್ಲ, ಓಡೂದು ನಿಂದರೂದಿಲ್ಲ. ಮುಗೀತು."

ಆ ಸಂಜೆ ಬಜಾರಿನಲ್ಲಿ ಅಡ್ಡಾಡುತ್ತ ಬಾಯಿಪಾಠ ಮಾಡಿದೆ. "ಗಂಜ್‌ನಿಂದ ಸ್ಟೇಶನ್‌ಗೆ, ಸ್ಟೇಶನ್‌ನಿಂದ ತಾಜಸುಲ್ತಾನಪುರಕ್ಕೆ, ಅಲ್ಲಿಂದ ಕಮಲಾಪುರಕ್ಕೆ." ಹಿಂದೆ ಬಂದ ಟಾಂಗಾದವನು ಗಾಡಿ ನಿಲ್ಲಿಸಿ, "ಅಷ್ಟೆಲ್ಲಾ ಒಂದೇ ದಿನಾ ಆಗೂದಿಲ್ರಿ, ಕುದುರಿ ಸಾಯ್ತದ" ಎಂದ.

ಮೈದಾನ

ಭೋಂಗಾ ಮದುವೆಗೆ ಬಾಡಿಗೆ ಕೊಡುವವರದು. ಅದರ ಕಂಠಕ್ಕೆ ಹೋದ ಮದುವೆಯ ಬಣ್ಣದ ಕಾಗದ ಇನ್ನೂ ಅಂಟಿತ್ತು. ಜನ ಬೇಕಾದಷ್ಟು ಬಂದಿದ್ದರು. ಆದರೆ ಕೂತ ರೀತಿಯೇ ಬೇರೆ. ಈ ಮಗ್ಗುಲಿಗೆ ಇವರು, ಆ ಮಗ್ಗುಲಿಗೆ ಅವರು, ನಡುವೆ ಒಂದು ಎತ್ತಿನಗಾಡಿ ಹಾಯುವಷ್ಟು ಖಾಲಿ ಜಾಗ. ಮೂಲೆಗಳಲ್ಲಿ ಬಂದೂಕು ಹಿಡಿದ ಪೊಲೀಸರು. ರೆಫರಿಯಾಗಿದ್ದ ಮಾಸ್ತರ ಬಾಯಲ್ಲಿ ಸೀಟಿ ಇತ್ತು, ಆಟ ಇನ್ನೂ ಶುರುವಾಗದಿದ್ದರೂ.

ಓಡುವ ಕಮಲಾಪುರವನ್ನು ಆಗಲೇ ಮೊದಲು ನೋಡಿದೆ. ಕಡ್ಡಿಯಂಥ ಹುಡುಗ. ಚೆಂಡು ಕಾಲಿಗೆ ಬಂದರೆ ಸಾಕಿದ ನಾಯಿಯ ಹಾಗೆ ಹಿಂದೆ ಹಿಂದೆ ಹೋಗುತ್ತಿತ್ತು. ಇಂಥವನ ಹೆಸರು ಕೂಗಬಾರದೆಂದರೆ! ನಮ್ಮಜ್ಜನ ರಕ್ತ ಗಂಟಲಿನವರೆಗೆ ಬಂದು ನಿಲ್ಲುತ್ತಿತ್ತು. ನುಂಗಿಕೊಂಡು, "ಗಂಜ್ ಕೊಟ್ಟಿತು, ಕಮಲಾಪುರ ತಗೊಂಡಿತು, ಸಿಂದಗಿಯನ್ನು ದಾಟಿತು, ಇಂಡಿಯನ್ನು ದಾಟಿತು" ಎಂದು ಹೇಳುತ್ತ ಹೋದೆ.

ಮೊದಮೊದಲು ಜನರಿಗೆ ಇದೇನೆಂದು ತಿಳಿಯಲಿಲ್ಲ. ಸ್ವಲ್ಪ ಹೊತ್ತಿಗೆ ರುಚಿ ಹತ್ತಿತು. ಚೆಂಡು ಬಿಟ್ಟುಕೊಟ್ಟವನಿಗೆ ಒಬ್ಬ ಕೂಗಿದ: "ಏ ತಾಜಸುಲ್ತಾನಪುರ, ಎದ್ದು ಓಡೋ, ನಿಮ್ಮೂರೇನು ತಪ್ಪಿಸ್ಕೊಂಡು ಹೋಗ್ತದ?" ಆಚೆ ಮಗ್ಗುಲಿನಿಂದ ಇನ್ನೊಬ್ಬ, "ಗಂಜ್‌ನವರು ತೂಕ ಮಾಡಿ ಒದೀತಾರ, ಭಾಯ್" ಎಂದ. ಎರಡೂ ಮಗ್ಗುಲಿನವರು ನಕ್ಕರು, ಬೇರೆಬೇರೆ ಕೂತೇ.

ಆಟ ಸಮಸಮ ನಡೆದಿತ್ತು. ಆಗ ಅದಾಯಿತು. ಓಡುವ ಕಮಲಾಪುರ ನಮ್ಮ ಗೋಲಿನತ್ತ ನುಗ್ಗಿದ. ನಮ್ಮ ದುಂಡಪ್ಪ ಚೆಂಡಿಗೆಂದು ಬೀಸಿದ ಕಾಲು ಚೆಂಡಿಗೆ ತಾಕದೆ ಹುಡುಗನ ಮೊಳಕಾಲಿಗೆ ತಾಕಿತು. ಹುಡುಗ ಗಾಳಿಯಲ್ಲಿ ಒಂದು ಸುತ್ತು ತಿರುಗಿ ಬಿದ್ದ. ಬಿದ್ದವನು ಏಳಲಿಲ್ಲ.

ಒಂದು ಮಗ್ಗುಲು ಪೂರ್ತಿ ಎದ್ದು ನಿಂತಿತು. ಅದನ್ನು ನೋಡಿ ಇನ್ನೊಂದು ಮಗ್ಗುಲೂ ಎದ್ದಿತು. ಪೊಲೀಸರು ಬಂದೂಕನ್ನು ಹೆಗಲಿನಿಂದ ಇಳಿಸಿದರು. ಮಾಸ್ತರು ಸೀಟಿ ಊದಿದರು. ಉಸಿರು ಬಂತು, ಸದ್ದು ಬರಲಿಲ್ಲ. ಇಡೀ ಮೈದಾನದಲ್ಲಿ ದನಿ ಇದ್ದದ್ದು ನನ್ನ ಕೈಯಲ್ಲಿದ್ದ ಆ ಮದುವೆಯ ಭೋಂಗಾಕ್ಕೆ ಮಾತ್ರ.

"ಸಿಂದಗಿ ತಪ್ಪು ಮಾಡಿತು" ಎಂದೆ. "ಕಮಲಾಪುರ ಬಿದ್ದಿದೆ."

"ಯಾವ ಕಮಲಾಪುರ?" ಎಂದು ಗುಂಪಿನಿಂದ ಒಂದು ದನಿ ಬಂತು. ಬಿದ್ದವನು ಯಾರೆಂದು ಅವನಿಗೆ ಗೊತ್ತಿತ್ತು. ನನ್ನ ಬಾಯಿಂದ ಹೆಸರು ಬೇಕಾಗಿತ್ತು.

ನಾನು ಏನು ಹೇಳುತ್ತಿದ್ದೆನೋ ಇಂದಿಗೂ ಗೊತ್ತಿಲ್ಲ. ಅಷ್ಟರಲ್ಲಿ ಆ ಕಡೆಯ ಗೋಲಿನಿಂದ ನಿಂತ ಕಮಲಾಪುರ ಓಡಿ ಬರುವುದು ಕಂಡಿತು. ದಪ್ಪ ಹುಡುಗ ಶರಣಪ್ಪ ತನ್ನ ನೀರಿನ ತಂಬಿಗೆ ಹಿಡಿದುಕೊಂಡು, ಅರ್ಧ ನೀರು ಧೋತರದ ಮೇಲೆ ಚೆಲ್ಲಿಕೊಳ್ಳುತ್ತ, ಇಡೀ ಮೈದಾನವನ್ನು ದಾಟಿ ಬಂದ. ಮಂಡಿಯೂರಿ ಕೂತು ಗೆಳೆಯನ ತಲೆಯನ್ನು ತೊಡೆಯ ಮೇಲಿಟ್ಟುಕೊಂಡು ನೀರು ಹಾಕಿದ. ಮೊಳಕಾಲು ತಿಕ್ಕಿದ. ಬಗಲಿಗೆ ಕೈಕೊಟ್ಟು ಎತ್ತಿದ.

ನೋಡಿದ್ದನ್ನು ಹೇಳುವುದಷ್ಟೇ ನನ್ನ ಕೆಲಸ. ಹೇಳಿದೆ.

"ಬಿದ್ದದ್ದೂ ಕಮಲಾಪುರ. ಎತ್ತಿದ್ದೂ ಕಮಲಾಪುರ."

ಆಮೇಲೆ ಯಾರೋ ಮುದುಕ, ಯಾವ ಮಗ್ಗುಲಿನವನೋ ತಿಳಿಯದು, ದೊಡ್ಡ ದನಿಯಲ್ಲಿ, "ಮತ್ತ ಗೋಲ್ ಯಾರು ಕಾಯ್ಲಾಕತ್ತಾರ?" ಎಂದು ಕೇಳಿದ. ಖರೇ, ಅವರ ಗೋಲು ಬರಿದಾಗಿ ಬಾಯಿ ತೆರೆದುಕೊಂಡು ನಿಂತಿತ್ತು. ನಗೆ ಎದ್ದಿತು. ಮೊದಲು ಅಲ್ಲಿ ಇಲ್ಲಿ, ಆಮೇಲೆ ಎಲ್ಲ ಕಡೆ. ದುಂಡಪ್ಪ ಹೋಗಿ ಹುಡುಗನ ಎರಡೂ ಕೈ ಹಿಡಿದುಕೊಂಡು ಏನೋ ಹೇಳುತ್ತಿದ್ದ. ಜನ ಕೂತರು. ಕೂರುವಾಗ ಚೆನ್ನಾಗಿ ಕಾಣುವ ಜಾಗ ಹುಡುಕಿ ಕೂತರು; ನಡುವಿನ ಗಾಡಿದಾರಿಯಲ್ಲೂ ಕೂತುಬಿಟ್ಟರು.

ಕುಂಟುತ್ತಲೇ ಆಡಿದ ಓಡುವ ಕಮಲಾಪುರ ಆಟ ಮುಗಿಯುವ ಹೊತ್ತಿಗೆ ನಮಗೆ ಒಂದು ಗೋಲು ಹೊಡೆದ. ನಾನು "ಕಮಲಾಪುರ" ಎನ್ನುವಷ್ಟರಲ್ಲಿ ಮೈದಾನವೇ ಅದನ್ನು ನನ್ನ ಬಾಯಿಂದ ಕಿತ್ತುಕೊಂಡು ಕೂಗಿತು. ನಾವು ಸೋತೆವು. ಸೋತದ್ದಕ್ಕೆ ನನಗೆ ಅಷ್ಟು ಹಗುರ ಎಂದೂ ಅನ್ನಿಸಿಲ್ಲ. ಮಾಸ್ತರ ಸೀಟಿಗೆ ಆಗ ಸದ್ದು ಬಂತು. ಅವರು ಅದನ್ನು ಊದಿದರು, ಊದಿದರು, ಊದುತ್ತಲೇ ಇದ್ದರು. ಪೊಲೀಸರಲ್ಲಿ ಒಬ್ಬ ಬಂದು, "ಸಾಕ್ರಿ ಮಾಸ್ತರ" ಎನ್ನಬೇಕಾಯಿತು.

ಕಮಲಾಪುರ

ಮರುದಿನ ಶರಣಪ್ಪನ ಮನೆಯಲ್ಲಿ ನಮಗೆಲ್ಲ ಊಟ, ಮಹೆಬೂಬನ ಮನೆಯಲ್ಲಿ ಚಹಾ. ಮೋಟಾರಿನಲ್ಲಿ ಹೋದೆವು. ದಾರಿಯ ಮಣ್ಣು ಊರು ಹತ್ತಿರ ಬಂದ ಹಾಗೆ ಕೆಂಪಾಗುತ್ತದೆ. ಬಾಳೆಹಣ್ಣೂ ಅಲ್ಲಿ ಕೆಂಪು. ನಮ್ಮ ಹುಡುಗರು ಅಂಥದನ್ನು ಕಂಡಿರಲಿಲ್ಲ. ಕೆಟ್ಟುಹೋದದ್ದೆಂದು ಒಬ್ಬ ಮೆಲ್ಲಗೆ ಕೆಳಗಿಟ್ಟ. ದುಂಡಪ್ಪ ಸುಲಿದು ತಿಂದು ನೋಡಿ, ಅವನು ಇಟ್ಟದ್ದನ್ನೂ ತಾನೇ ತಿಂದ.

ಮಹೆಬೂಬನ ಮನೆಯಲ್ಲಿ ಪಡಸಾಲೆಗೆ ಚಾಪೆ ಹಾಸಿದ್ದರು. ಓಣಿಯ ಕಡೆಯ ಕಿಟಕಿ ಮುಚ್ಚಿತ್ತು. ಬಹಳ ದಿನದಿಂದ ಮುಚ್ಚಿದ್ದೆಂದು ಅದರ ಅಗಳಿಯ ಮೇಲಿನ ಧೂಳು ಹೇಳುತ್ತಿತ್ತು. ಒಳಬಾಗಿಲಿಗೆ ಪರದೆ. ಮಹೆಬೂಬ ಕಾಲಿಗೆ ಅರಿಶಿನದ ಪಟ್ಟಿ ಕಟ್ಟಿಕೊಂಡು ಎಲ್ಲರಿಗೂ ಚಹಾ ಕೊಡುತ್ತಿದ್ದ. ಪರದೆಯ ಹಿಂದಿನಿಂದ ಅವನ ತಾಯಿಯ ದನಿ ಬಂತು.

"ಶರಣೂ, ಭೋಂಗಾದಾಗ ಹೇಳಿದವರು ಬಂದಾರೇನು?"

"ಬಂದಾರ ಖಾಲಾ. ನನ್ನ ಬಾಜೂಕೇ ಕುಂತಾರ. ಬಾಳೆಹಣ್ಣು ತಿನ್ಲಾಕತ್ತಾರ."

ನಾನು ಹಣ್ಣು ಕೆಳಗಿಟ್ಟು ನೆಟ್ಟಗೆ ಕೂತೆ.

"ಮಾತು ಉಳಿಸಿದಿ, ಬೇಟಾ" ಎಂದಿತು ದನಿ. "ಅಲ್ಲಾ ನಿನ್ನ ಗಂಟಲು ಛಲೋ ಇಡಲಿ. ಆಟ ಹ್ಯಾಂಗಾತು ಅಂತ ಇವರಿಬ್ಬರಿಗೂ ಕೇಳಿದೆ. ಗೆದ್ದೀವಿ ಅಂತಾರ, ಉಣ್ಣಾಕ ಕೊಡು ಅಂತಾರ. ಅಷ್ಟೇ. ನೀ ಒಮ್ಮೆ ಮೊದಲಿಂದ ಹೇಳ್ತೀಯೇನು?"

ಹೇಳತೊಡಗಿದೆ. "ಗಂಜ್ ಕೊಟ್ಟಿತು, ಕಮಲಾಪುರ ತಗೊಂಡಿತು..."

"ಹಂಗಲ್ಲ." ದನಿ ನನ್ನನ್ನು ತಡೆಯಿತು. "ಇದು ನನ್ನ ಮನಿ. ಇಲ್ಲಿ ಹೆಸರು ಹಿಡಿದೇ ಹೇಳು."

ಮಹೆಬೂಬ ಕೈಯಲ್ಲಿದ್ದ ಕೇತಲಿಯನ್ನು ಕೆಳಗಿಟ್ಟ. ಮಾಣಿಕರಾವ್ ಮಾಸ್ತರು ನನ್ನನ್ನು ನೋಡಿದರು. ನಾನು ಮುಚ್ಚಿದ ಕಿಟಕಿಯನ್ನು ನೋಡಿ, ದನಿ ತಗ್ಗಿಸಿ, "ಮಹೆಬೂಬ ಚೆಂಡು ತಗೊಂಡ..." ಎಂದು ಶುರು ಮಾಡಿದೆ.

"ಭೋಂಗಾದಾಗೂ ಹಿಂಗೇ ಸಣ್ಣಗ ಹೇಳಿದ್ದೇನು?"

"ಇಲ್ಲವ್ವಾ."

"ಮತ್ತ?"

"ಕಿಟಕಿ ಮುಚ್ಚೈತ್ರಿ. ಜೋರು ಹೇಳಿದ್ರ ಮನಿ ತುಂಬ ಗುಂಯ್ ಅಂತೈತಿ."

ಪರದೆಯ ಹಿಂದೆ ಬಳೆಯ ಸದ್ದಾಯಿತು. ಆಮೇಲೆ, "ಮಹೆಬೂಬ್, ಕಿಟಕಿ ತಗಿ" ಎಂದಿತು ದನಿ.

ಅಗಳಿ ತುಕ್ಕು ಹಿಡಿದು ಬಿಗಿದಿತ್ತು. ಮಹೆಬೂಬನಿಂದ ಆಗಲಿಲ್ಲ, ಶರಣಪ್ಪನೂ ಕೈಹಚ್ಚಿದ, ಕೊನೆಗೆ ದುಂಡಪ್ಪ ಎದ್ದು ಹೋಗಿ ಅಂಗೈಯಿಂದ ಒಂದು ಏಟು ಹಾಕಿದ. ಕಿಟಕಿ ತೆರೆದು, ಬಿಸಿಲು ಚಾಪೆಯ ಮೇಲೆ ಬಿತ್ತು.

ನಾನು ಎದ್ದು ನಿಂತೆ. ನಮ್ಮಜ್ಜನ ಹಾಗೆ ಒಂದು ಕೈ ಕಿವಿಯ ಮೇಲಿಟ್ಟುಕೊಂಡೆ. ಎರಡು ದಿನದಿಂದ ಗಂಟಲಿನಲ್ಲಿ ಇಟ್ಟುಕೊಂಡು ತಿರುಗಿದ್ದ ಹೆಸರನ್ನು, ಅದರ ಹಿಂದೆ ಅವನ ಅಪ್ಪನ ಹೆಸರನ್ನು, ಅದರ ಹಿಂದೆ ಊರನ್ನು, ಒಂದೇ ಉಸಿರಿನಲ್ಲಿ ಎತ್ತಿ ಒಗೆದೆ. ಮಹೆಬೂಬ ತಲೆ ತಗ್ಗಿಸಿದ. ಆದರೂ ಎದೆ ಅಗಲವಾದದ್ದು ಕಂಡಿತು. ಓಡಿಸಿದೆ, ಬೀಳಿಸಿದೆ, ಶರಣಪ್ಪನಿಗೂ ಅಪ್ಪನ ಹೆಸರು ಹಚ್ಚಿ ತಂಬಿಗೆ ಕೊಟ್ಟು ಓಡಿಸಿದೆ, ಎಬ್ಬಿಸಿದೆ, ಗೋಲು ಹೊಡೆಸಿದೆ. ಕಿಟಕಿಯ ಹೊರಗೆ ಓಣಿಯ ಜನ ನಿಂತಿದ್ದರು. ಶರಣಪ್ಪನ ತಾಯಿ ಹಿಟ್ಟಿನ ಕೈಯಲ್ಲೇ ಬಂದು, "ಏನಾತು? ಯಾರು ಗೆದ್ರು?" ಎಂದು ಕೇಳುತ್ತಿದ್ದಳು.

ಪರದೆಯ ಹಿಂದೆ ಮೂಗು ಏರಿಸಿದ ಸದ್ದು ಕೇಳಿತು. ಆಮೇಲೆ, "ಆ ಗೋಲ್ ಒಂದು ಇನ್ನೊಮ್ಮೆ ಹೇಳು, ಬೇಟಾ. ಪಾಪ, ಶರಣೂನ ಅವ್ವಗ ಕೇಳಿಲ್ಲ."

ಶರಣಪ್ಪನ ತಾಯಿಗಾಗಿ ಇನ್ನೊಮ್ಮೆ ಹೇಳಿದೆ. ತಡವಾಗಿ ಬಂದ ಓಣಿಯ ಹಿರಿಯರಿಗಾಗಿ ಮತ್ತೊಮ್ಮೆ ಹೇಳಿದೆ. ಮೂಲೆಯಲ್ಲಿ ಕೂತು ಕೆಂಪು ಬಾಳೆಹಣ್ಣು ಸುಲಿಯುತ್ತಿದ್ದ ದುಂಡಪ್ಪ ಮಾತ್ರ, "ಸಾಕ್ ಮಾಡೋ ಮಾರಾಯಾ, ಒಂದೇ ಆಟ ಎಷ್ಟ್ ಸಲ ಸೋಲಿಸ್ತಿ ನಮ್ಮನ್ನ" ಎಂದ.